ಊಟಿಯ ನೀಲಿ ಹೈಡ್ರೇಂಜಿಯ ಬೆಂಗಳೂರಲ್ಲಿ ಗುಲಾಬಿ ಆಗಿದೆ, ಎಲೆಯೂ ಹಳದಿ. ಏನು ಮಾಡಲಿ?

ಉತ್ತರಹಳ್ಳಿ ಬಾಲ್ಕನಿ

ಎಲ್ಲರಿಗೂ ನಮಸ್ಕಾರ. ಕಳೆದ ವರ್ಷ ಜನವರಿಯಲ್ಲಿ ಲಾಲ್‌ಬಾಗ್ ಫಲಪುಷ್ಪ ಪ್ರದರ್ಶನ ನೋಡಿಕೊಂಡು ಬರುವಾಗ ಒಂದು ನರ್ಸರಿಯಲ್ಲಿ ಹೈಡ್ರೇಂಜಿಯ ಗಿಡ ಕೊಂಡೆ. ಊಟಿ ಕಡೆಯಿಂದ ಬಂದದ್ದು ಅಂದರು. ಎರಡು ಗೊಂಚಲು ಹೂವಿತ್ತು, ಅಚ್ಚ ನೀಲಿ. ಮನೆಗೆ ಬಂದವರೆಲ್ಲ ಮೊದಲು ಅದನ್ನೇ ನೋಡುತ್ತಿದ್ದರು.

ಈ ವರ್ಷ ಏಪ್ರಿಲ್‌ನಲ್ಲಿ ಬಂದದ್ದು ಒಂದೇ ಗೊಂಚಲು, ಅದೂ ಗುಲಾಬಿ ಬಣ್ಣ. ಹೊಸ ಎಲೆಗಳು ಹಳದಿ, ನರಗಳು ಮಾತ್ರ ಹಸಿರು. ಹನ್ನೆರಡು ಗಂಟೆ ದಾಟಿದರೆ ಎಲೆಯೆಲ್ಲ ಜೋತುಬೀಳುತ್ತೆ, ಮಣ್ಣು ಒದ್ದೆ ಇದ್ದರೂ.

ಬಾಲ್ಕನಿ ಪೂರ್ವಕ್ಕೆ ಇದೆ, ಬೆಳಗ್ಗೆ ಹತ್ತೂವರೆವರೆಗೆ ಬಿಸಿಲು. ಸಿಮೆಂಟ್ ಕುಂಡ. ನಮ್ಮ ಅಪಾರ್ಟ್‌ಮೆಂಟ್‌ಗೆ ಬೋರ್‌ವೆಲ್ ನೀರು, ಬೇಸಿಗೆಯಲ್ಲಿ ಟ್ಯಾಂಕರ್. ಗೊಬ್ಬರ ಅಂದರೆ ತಿಂಗಳಿಗೊಮ್ಮೆ ಎರೆಗೊಬ್ಬರ, ಜೊತೆಗೆ ಹೂವಿಗೆ ಒಳ್ಳೆಯದು ಅಂತ ಅಂಗಡಿಯವರು ಕೊಟ್ಟ ಮೂಳೆ ಪುಡಿ. ಈ ಗಿಡ ಉಳಿಸಿಕೊಳ್ಳಲೇಬೇಕು ಅಂತ ಆಸೆ. ಬಲ್ಲವರು ದಯವಿಟ್ಟು ತಿಳಿಸಿ.

ಜಯನಗರ ಮಹಡಿ ತೋಟ

ಫಿಲ್ಟರ್‌ನಲ್ಲಿ ಉಳಿಯುವ ಕಾಫಿ ಚರಟ ಹಾಕಿ ನೋಡಿ. ಬುಡದಲ್ಲಿ ನಾಲ್ಕು ತುಕ್ಕು ಹಿಡಿದ ಮೊಳೆ ಹೂತರೆ ನೀಲಿ ಆಗುತ್ತೆ ಅಂತ ನಮ್ಮ ಅತ್ತೆ ಹೇಳ್ತಾರೆ. ನಿಂಬೆಹಣ್ಣಿನ ಸಿಪ್ಪೆ ನೆನೆಸಿದ ನೀರೂ ಹಾಕಬಹುದು.

ಬನಶಂಕರಿ ಕೈತೋಟ

ಉತ್ತರಹಳ್ಳಿಯವರೇ, ಗಾಬರಿ ಆಗಬೇಡಿ. ನೀವು ಬರೆದ ಮೂರೂ ತೊಂದರೆಗಳಲ್ಲಿ ಎರಡಕ್ಕೆ ಕಾರಣ ಒಂದೇ, ನಿಮ್ಮ ನೀರು. ಬಣ್ಣ ಗುಲಾಬಿ ಆಗಿದ್ದೂ ಅದರಿಂದಲೇ, ಎಲೆ ಹಳದಿ ಆಗಿದ್ದೂ ಅದರಿಂದಲೇ.

ನಮ್ಮ ಊರಿನ ಬೋರ್‌ವೆಲ್ ನೀರು ಗಡಸು. ಗೀಸರ್ ಒಳಗೆ, ನಲ್ಲಿಯ ಬಾಯಿಗೆ ಬಿಳಿ ಪಟ್ಟೆ ಕಟ್ಟುತ್ತದಲ್ಲ, ಅದೇ ಸುಣ್ಣದಂಶ ದಿನಾ ಕುಂಡಕ್ಕೂ ಹೋಗುತ್ತಿದೆ. ಬೆಂಗಳೂರಿನ ಕೆಂಪು ಮಣ್ಣು ಸ್ವಭಾವತಃ ಸ್ವಲ್ಪ ಹುಳಿಯೇ. ಆದರೆ ಒಂದು ಕುಂಡದಲ್ಲಿರುವ ಹಿಡಿ ಮಣ್ಣು ವರ್ಷಗಟ್ಟಲೆ ಗಡಸು ನೀರು ಕುಡಿದರೆ ಹುಳಿ ಹೋಗಿ ಕ್ಷಾರ ಆಗುತ್ತೆ. ಕ್ಷಾರ ಮಣ್ಣಿನಲ್ಲಿ ಕಬ್ಬಿಣ ಇದ್ದರೂ ಬೇರಿಗೆ ಸಿಗುವುದಿಲ್ಲ. ಎಳೆ ಎಲೆ ಹಳದಿ, ನರ ಹಸಿರು ಅಂದರೆ ಕಬ್ಬಿಣ ಸಿಗುತ್ತಿಲ್ಲ ಅಂತಲೇ ಅರ್ಥ. ಹಳೇ ಎಲೆ ಮೊದಲು ಹಳದಿಯಾದರೆ ಬೇರೆ ಕಾರಣ, ಸಾಮಾನ್ಯವಾಗಿ ಸಾರಜನಕದ ಕೊರತೆ.

ಸಿಮೆಂಟ್ ಕುಂಡ ಇದಕ್ಕೆ ಇನ್ನಷ್ಟು ಸೇರಿಸಿದೆ. ಸಿಮೆಂಟಿನಿಂದಲೂ ಸುಣ್ಣ ನೀರಿಗೆ ಬಿಡುತ್ತೆ. ಕಾಂಪೌಂಡ್ ಗೋಡೆಯ ಬುಡದಲ್ಲಿ ನೆಟ್ಟ ನೀಲಿ ಹೈಡ್ರೇಂಜಿಯ ಒಂದೆರಡು ವರ್ಷದಲ್ಲಿ ಗುಲಾಬಿಯಾಗುವುದೂ ಇದೇ ಕಾರಣಕ್ಕೆ. ಈ ಗಿಡಕ್ಕೆ ಪ್ಲಾಸ್ಟಿಕ್ ಅಥವಾ ಮಣ್ಣಿನ ಕುಂಡವೇ ಸರಿ. ಮಣ್ಣಿನದು ಬೇಗ ಒಣಗುತ್ತೆ, ಅದನ್ನು ನೆನಪಿಡಿ. ಕುಂಡಕ್ಕೆ ಹೊರಗಡೆ ಸುಣ್ಣ ಬಳಿಯುವುದೂ ಬೇಡ.

ಇನ್ನು ಮಧ್ಯಾಹ್ನ ಜೋತುಬೀಳುವುದು. ಇಷ್ಟಗಲ ಎಲೆ ಇರುವ ಗಿಡ, ಬೇರು ಎಳೆಯುವುದಕ್ಕಿಂತ ಬೇಗ ಎಲೆಯಿಂದ ನೀರು ಆವಿಯಾಗುತ್ತೆ. ಏಪ್ರಿಲ್ ಬಿಸಿಗೆ ನೆರಳಲ್ಲಿದ್ದರೂ ಜೋತುಬೀಳುತ್ತೆ. ಸಂಜೆ ಆರರ ಹೊತ್ತಿಗೆ ತಾನಾಗಿ ಎದ್ದು ನಿಂತರೆ ಗಿಡ ಚೆನ್ನಾಗಿದೆ. ಬಾಡಿತು ಅಂತ ಮಧ್ಯಾಹ್ನವೇ ಮತ್ತೆ ನೀರು ಸುರಿಯಬೇಡಿ. ಬೆರಳು ಎರಡು ಗೆಣ್ಣು ಮಣ್ಣಿಗೆ ಇಳಿಸಿ ನೋಡಿ, ತೇವ ಇದ್ದರೆ ಬಿಡಿ. ಹೈಡ್ರೇಂಜಿಯ ಗಿಡಗಳು ಬಿಸಿಲಿಗಿಂತ ಹೆಚ್ಚಾಗಿ ಪ್ರೀತಿಯ ನೀರಿಗೆ ಬೇರು ಕೊಳೆತು ಹೋಗುತ್ತವೆ. ಸಂಜೆ, ಮರುದಿನ ಬೆಳಗ್ಗೆಯೂ ಜೋತುಬಿದ್ದೇ ಇದ್ದರೆ, ಮಣ್ಣೂ ಒದ್ದೆ ಇದ್ದರೆ, ಆಗ ಕುಂಡದಿಂದ ತೆಗೆದು ಬೇರು ನೋಡಬೇಕು. ಬಿಳಿ ಬೇರು ಇದ್ದರೆ ಸರಿ. ಕಂದು ಬಣ್ಣಕ್ಕೆ ತಿರುಗಿ ಕೈಗೆ ಲೊಳೆ ಲೊಳೆ ಅಂದರೆ ಕೊಳೆತಿದೆ, ಅಷ್ಟನ್ನು ಕತ್ತರಿಸಿ ಹೊಸ ಮಣ್ಣಿಗೆ ಹಾಕಿ.

ಮೂಳೆ ಪುಡಿ ಇವತ್ತೇ ನಿಲ್ಲಿಸಿ. ಏಕೆ ಅಂತ ಮೇಷ್ಟ್ರು ನನಗಿಂತ ಚೆನ್ನಾಗಿ ಹೇಳುತ್ತಾರೆ.

ವಿಜಯನಗರ ಮೇಷ್ಟ್ರು

ಅಕ್ಕ ಹೇಳಿದ್ದು ಪೂರ್ತಿ ಸರಿ. ರಸಾಯನಶಾಸ್ತ್ರದ ಕಡೆಯಿಂದ ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ಇದು ಗೊತ್ತಾದರೆ ಮೊಳೆ ಹೂಳುವ ಕೆಲಸ ಉಳಿಯುತ್ತದೆ.

ಗುಲಾಬಿ ಹೈಡ್ರೇಂಜಿಯದಲ್ಲೂ ನೀಲಿಯದರಲ್ಲೂ ಇರುವ ಬಣ್ಣದ ವಸ್ತು ಒಂದೇ, ಡೆಲ್ಫಿನಿಡಿನ್ ಎಂಬ ಆಂಥೋಸಯನಿನ್. ಅದರ ಜೊತೆ ಅಲ್ಯೂಮಿನಿಯಂ ಸೇರಿದರೆ ನೀಲಿ, ಸೇರದಿದ್ದರೆ ಗುಲಾಬಿ. ಅರೆಬರೆ ಸೇರಿದರೆ ನೇರಳೆ. ಒಂದೇ ಗಿಡದಲ್ಲಿ ಒಂದು ಗೊಂಚಲು ನೀಲಿ, ಇನ್ನೊಂದು ಗುಲಾಬಿ ಬರುವುದೂ ಉಂಟು, ಬೇರುಗಳು ಮಣ್ಣಿನ ಬೇರೆ ಬೇರೆ ಭಾಗದಲ್ಲಿ ಇದ್ದಾಗ.

ಅಲ್ಯೂಮಿನಿಯಂ ಎಲ್ಲಿಂದ ತರಬೇಕು? ತರುವುದೇ ಬೇಡ. ಭೂಮಿಯ ಹೊರಪದರದಲ್ಲಿ ಅತಿ ಹೆಚ್ಚಾಗಿರುವ ಲೋಹವೇ ಅದು, ನಮ್ಮ ಕೆಂಪು ಮಣ್ಣಿನಲ್ಲಿ ಧಾರಾಳವಾಗಿದೆ. ಆದರೆ ಮಣ್ಣಿನ ಹುಳಿ-ಕ್ಷಾರದ ಅಳತೆಯಾದ ಪಿಎಚ್ (7ಕ್ಕಿಂತ ಕಡಿಮೆಯಾದಷ್ಟೂ ಹುಳಿ) 5.5ಕ್ಕಿಂತ ಕೆಳಗಿದ್ದಾಗ ಮಾತ್ರ ಅದು ನೀರಿನಲ್ಲಿ ಕರಗಿ ಬೇರಿಗೆ ಸಿಗುತ್ತದೆ. 6.5 ದಾಟಿದರೆ ಮಣ್ಣಿನಲ್ಲೇ ಗಟ್ಟಿಯಾಗಿ ಕೂತುಬಿಡುತ್ತದೆ, ಹೂವು ಗುಲಾಬಿ ಆಗುತ್ತದೆ. ನಡುವೆ ಇದ್ದರೆ ನೇರಳೆ ಛಾಯೆಗಳು. ಕಲಿಸುವಾಗ ಆಮ್ಲದಲ್ಲಿ ಲಿಟ್ಮಸ್ ಕೆಂಪು, ಕ್ಷಾರದಲ್ಲಿ ನೀಲಿ ಎನ್ನುತ್ತೇವೆ. ಈ ಹೂವಿನಲ್ಲಿ ಅದು ತಿರುಗುಮುರುಗು. ಮಕ್ಕಳಿಗೆ ತೋರಿಸಲು ಇದಕ್ಕಿಂತ ಒಳ್ಳೆಯ ಗಿಡ ನನಗೆ ಗೊತ್ತಿಲ್ಲ.

ಈಗ ಮೂಳೆ ಪುಡಿ. ಅದರಲ್ಲಿ ರಂಜಕ ಹೆಚ್ಚು, ಸುಣ್ಣವೂ ಇದೆ. ರಂಜಕ ಅಲ್ಯೂಮಿನಿಯಂ ಅನ್ನು ಹಿಡಿದು ಕರಗದ ಹಾಗೆ ಮಾಡುತ್ತದೆ, ಸುಣ್ಣ ಪಿಎಚ್ ಏರಿಸುತ್ತದೆ. ಸೂಪರ್ ಫಾಸ್ಫೇಟ್‌ನದೂ ರಂಜಕದ ಇದೇ ಸಮಸ್ಯೆ. ನೀಲಿ ಬೇಕಾದವರಿಗೆ ಎರಡೂ ಆಗದು. ಗುಲಾಬಿಯೇ ಇಷ್ಟ ಎನ್ನುವವರಿಗೆ ಆಗಬಹುದು.

ಮೊಳೆಯಲ್ಲಿರುವುದು ಕಬ್ಬಿಣ, ಅಲ್ಯೂಮಿನಿಯಂ ಅಲ್ಲ, ಹಾಗಾಗಿ ಬಣ್ಣಕ್ಕೆ ಅದರಿಂದ ಪ್ರಯೋಜನವಿಲ್ಲ. ಕಾಫಿಯ ಹುಳಿ ಬಹುಪಾಲು ಡಿಕಾಕ್ಷನ್ ಜೊತೆಗೇ ಇಳಿದು ಹೋಗಿರುತ್ತದೆ, ಉಳಿದ ಚರಟ ಹೆಚ್ಚುಕಡಿಮೆ ತಟಸ್ಥ. ಕಾಂಪೋಸ್ಟ್‌ಗೆ ಹಾಕಿ, ಚೆನ್ನಾಗಿ ಕಳಿಯುತ್ತದೆ. ನಿಂಬೆ, ವಿನೆಗರ್‌ನ ಆಮ್ಲವನ್ನು ಮಣ್ಣಿನ ಸೂಕ್ಷ್ಮಜೀವಿಗಳು ಬೇಗ ತಿಂದು ಮುಗಿಸುತ್ತವೆ, ಪರಿಣಾಮ ನಿಲ್ಲುವುದಿಲ್ಲ.

ಬಿಳಿ ಹೂವಿನ ಜಾತಿಗೆ ಇದ್ಯಾವುದೂ ಲೆಕ್ಕಕ್ಕಿಲ್ಲ. ಅದರಲ್ಲಿ ಬಣ್ಣದ ವಸ್ತುವೇ ಇಲ್ಲ, ಏನು ಹಾಕಿದರೂ ಬಿಳಿಯೇ. ಮಾಗಿದಾಗ ಹಸಿರು ಅಥವಾ ನಸುಗೆಂಪು ಛಾಯೆ ಬರಬಹುದು, ಅಷ್ಟೆ.

ಮಡಿಕೇರಿ ಮೂಲ, ಈಗ ಆರ್.ಟಿ. ನಗರ

ಮೇಷ್ಟ್ರೇ, ನಮ್ಮೂರಿನಲ್ಲಿ ಯಾಕೆ ಎಲ್ಲವೂ ನೀಲಿ ಅಂತ ಈಗ ಗೊತ್ತಾಯ್ತು. ಮಡಿಕೇರಿ ಕಡೆ ಇದು ಬೇಲಿಯ ಸಾಲಿನಲ್ಲಿ, ಎಸ್ಟೇಟ್ ದಾರಿ ಬದಿಯಲ್ಲಿ ತಾನಾಗಿ ಬೆಳೆಯುತ್ತೆ. ಯಾರೂ ಗೊಬ್ಬರ ಹಾಕಲ್ಲ. ವರ್ಷಕ್ಕೆ 3,000 ಮಿಲಿಮೀಟರ್‌ಗೂ ಮೀರಿ ಮಳೆ ಬಿದ್ದು ಮಣ್ಣಿನ ಸುಣ್ಣದಂಶ ಎಲ್ಲಾ ತೊಳೆದು ಹೋಗಿರುತ್ತೆ, ಮಣ್ಣು ಹುಳಿಯಾಗೇ ಇರುತ್ತೆ.

ಬೆಂಗಳೂರಲ್ಲಿ ಬೆಳೆಸುವವರು ಒಂದು ವಿಷಯ ತಿಳಿದಿರಬೇಕು. ಇದು ಮೂಲತಃ ಜಪಾನಿನ ಕರಾವಳಿಯ ಗಿಡ. ಚೀನಾದಿಂದ 1789ರಲ್ಲಿ ಇಂಗ್ಲೆಂಡಿನ ಕ್ಯೂ ತೋಟಕ್ಕೆ ಹೋಯಿತು, ನಮ್ಮ ಬೆಟ್ಟಗಳಿಗೆ ಬಂದದ್ದು ಆಮೇಲೆ. ಊಟಿ 2,200 ಮೀಟರ್ ಮೇಲಿದೆ, ಮಡಿಕೇರಿ 1,100ರ ಆಸುಪಾಸು. ಬೆಂಗಳೂರು 900 ಚಿಲ್ಲರೆ. ಎತ್ತರದಲ್ಲಿ ನಮಗೂ ಮಡಿಕೇರಿಗೂ ಅಷ್ಟೇನೂ ದೂರವಿಲ್ಲ, ಆದರೆ ಇಲ್ಲಿ ಮಾರ್ಚ್, ಏಪ್ರಿಲ್‌ನ ಒಣ ಗಾಳಿ ಇದೆಯಲ್ಲ, ಅದನ್ನೇ ಈ ಗಿಡ ತಡೆಯಲ್ಲ. ಬಿಸಿಲಿಗಿಂತ ಒಣ ಗಾಳಿಗೆ ಎಲೆಯ ಅಂಚು ಸುಡುತ್ತೆ. ಹಾಗಾಗಿ ಕುಂಡವನ್ನು ಒಂಟಿಯಾಗಿ ಇಡಬೇಡಿ. ಜರಿಗಿಡ, ಕ್ರೋಟನ್, ಬಾಳೆ, ಏನಿದೆಯೋ ಅದರ ನಡುವೆ ಇಡಿ. ಗುಂಪಿನಲ್ಲಿ ಇದ್ದರೆ ಸುತ್ತ ತೇವ ನಿಲ್ಲುತ್ತೆ.

ಉತ್ತರಹಳ್ಳಿ ಬಾಲ್ಕನಿ

ಎಷ್ಟೊಂದು ವಿವರ! ಎಲ್ಲರಿಗೂ ಧನ್ಯವಾದ. ಸಂಜೆ ನೋಡಿದೆ, ಎಲೆ ಎದ್ದು ನಿಂತಿದೆ, ಸಮಾಧಾನ ಆಯ್ತು. ಕೆಲವು ಪ್ರಶ್ನೆಗಳು. ಬೋರ್‌ವೆಲ್ ಬಿಟ್ಟರೆ ಅಪಾರ್ಟ್‌ಮೆಂಟ್‌ನಲ್ಲಿ ಬೇರೆ ನೀರು ಎಲ್ಲಿ ಸಿಗುತ್ತೆ? ಆರ್‌ಓ ಫಿಲ್ಟರ್‌ನಿಂದ ವೇಸ್ಟ್ ಆಗಿ ಹೊರಬರುವ ನೀರು ಹಾಕಬಹುದಾ? ಕುಂಡ ಈಗಲೇ ಬದಲಿಸಲಾ, ಮಳೆ ಶುರುವಾದ ಮೇಲಾ? ಪಟಿಕ ಹಾಕಿದರೆ ನೀಲಿ ಬರುತ್ತೆ ಅಂತ ಎಲ್ಲೋ ಓದಿದೆ, ನಿಜವಾ?

ಕೆ.ಆರ್. ಪುರಂ ಓದುಗ

ಬೇಸರ ಮಾಡಿಕೊಳ್ಳಬೇಡಿ, ಒಂದು ಮಾತು ಹೇಳಲೇಬೇಕು. 2024ರ ಮಾರ್ಚ್‌ನಲ್ಲಿ ನಮ್ಮ ಬಡಾವಣೆಯಲ್ಲಿ ಕುಡಿಯಲು ಟ್ಯಾಂಕರ್‌ಗೆ ಕಾದು ಕೂತಿದ್ದೆವು. ಕುಡಿಯುವ ನೀರನ್ನು ತೋಟಕ್ಕೆ, ಕಾರು ತೊಳೆಯಲು ಬಳಸಿದರೆ 5,000 ರೂಪಾಯಿ ದಂಡ ಅಂತ ಜಲಮಂಡಳಿ ಆದೇಶ ಹೊರಡಿಸಿತ್ತು. ಇಂಥ ಊರಿನಲ್ಲಿ ಇಷ್ಟು ನೀರು ಬೇಡುವ ಗಿಡ ಬೆಳೆಸಬೇಕಾ? ನೀಲಿ ಹೂವೇ ಬೇಕೆಂದರೆ ಪ್ಲಂಬಾಗೊ ಇದೆ. ಬೇಸಿಗೆ ತಡೆಯುತ್ತೆ, ವರ್ಷವಿಡೀ ಗೊಂಚಲು ಬಿಡುತ್ತೆ, ಚಿಟ್ಟೆಗಳೂ ಬರುತ್ತವೆ. ಗೊಂಚಲು ಸಾಕು ಅಂದರೆ ನಮ್ಮದೇ ನೆಲದ ಇಕ್ಸೋರ ಇದೆ.

ಬನಶಂಕರಿ ಕೈತೋಟ

ಕೆ.ಆರ್. ಪುರಂ ಅವರೇ, ಬೇಸರ ಯಾಕೆ, ಕೇಳಲೇಬೇಕಾದ ಮಾತು ಕೇಳಿದ್ದೀರಿ. ಆ ಬೇಸಿಗೆಯಲ್ಲಿ ನಮ್ಮ ಬೀದಿಯಲ್ಲೂ ಕೊಡ ಹಿಡಿದು ನಿಂತವರಿದ್ದರು. ನನ್ನ ಅಭಿಪ್ರಾಯ ಸ್ಪಷ್ಟ. ಟ್ಯಾಂಕರ್ ನೀರಿನಿಂದ ಹತ್ತು ಕುಂಡ ಹೈಡ್ರೇಂಜಿಯ ಬೆಳೆಸುವುದು ತಪ್ಪು. ಮಳೆ ನೀರು ಹಿಡಿದು ಒಂದೋ ಎರಡೋ ಕುಂಡ ಬೆಳೆಸುವುದು ತಪ್ಪಲ್ಲ. ಸಂತೋಷದ ವಿಷಯ ಏನೆಂದರೆ ಈ ಗಿಡಕ್ಕೆ ಬೇಕಾಗಿರುವುದೂ ಮಳೆ ನೀರೇ. ಕಾವೇರಿ ನೀರಿಗೂ ಅದು ಮಳೆ ನೀರಿಗೆ ಒಲಿದಷ್ಟು ಒಲಿಯುವುದಿಲ್ಲ. ಬೇಸಿಗೆ ತಡೆಯುವ ಗಿಡ ಬೇಕಾದವರಿಗೆ ನೀವು ಹೇಳಿದ ಪ್ಲಂಬಾಗೊ ಬಹಳ ಒಳ್ಳೆಯ ಆಯ್ಕೆ, ನಮ್ಮ ಗೇಟಿನ ಮೇಲೂ ಹಬ್ಬಿದೆ.

ಲೆಕ್ಕ ನೋಡಿ. ಒಂದು ಚದರ ಮೀಟರ್ ಚಾವಣಿ ಮೇಲೆ ಒಂದು ಮಿಲಿಮೀಟರ್ ಮಳೆ ಬಿದ್ದರೆ ಒಂದು ಲೀಟರ್ ನೀರು. ಬೆಂಗಳೂರಿಗೆ ವರ್ಷಕ್ಕೆ ಸುಮಾರು 970 ಮಿಲಿಮೀಟರ್ ಮಳೆ. 1,000 ಚದರ ಅಡಿ ತಾರಸಿ ಅಂದರೆ 93 ಚದರ ಮೀಟರ್. ಹತ್ತಿರ ಹತ್ತಿರ 90 ಸಾವಿರ ಲೀಟರ್ ಆಯ್ತು. ಮೊದಲ ಮಳೆಯ ಕೊಳೆ ನೀರು, ಸೋರಿಕೆ ಕಳೆದರೂ 70 ಸಾವಿರಕ್ಕೆ ಮೋಸವಿಲ್ಲ. 2009ರಲ್ಲಿ ಕಾನೂನು ತಿದ್ದುಪಡಿ ಮಾಡಿ ಮಳೆ ನೀರು ಕೊಯ್ಲು ಕಡ್ಡಾಯ ಮಾಡಿದರು. ಎಷ್ಟೋ ಮನೆಗಳಲ್ಲಿ ಪೈಪು ಇದೆ, ಅದರ ತುದಿಯಲ್ಲಿ ಡ್ರಮ್ ಇಲ್ಲ. 200 ಲೀಟರಿನ ಒಂದು ನೀಲಿ ಡ್ರಮ್ ಇದ್ದರೆ ಒಂದೆರಡು ಹೈಡ್ರೇಂಜಿಯಕ್ಕೆ ವಾರಗಟ್ಟಲೆ ಸಾಕು. ಮುಚ್ಚಳ ಬಿಗಿಯಾಗಿರಲಿ, ಬಾಯಿಗೆ ಬಟ್ಟೆ ಕಟ್ಟಿ. ಡೆಂಗ್ಯೂ ಸೊಳ್ಳೆ ಮೊಟ್ಟೆ ಇಡುವುದು ಇಂಥ ತಿಳಿ ನೀರಿನಲ್ಲೇ.

ಕಷ್ಟ ಇರುವುದು ಜನವರಿಯಿಂದ ಮಾರ್ಚ್‌ವರೆಗೆ, ಆಗ ಮಳೆಯೇ ಇಲ್ಲ. ಆ ಮೂರು ತಿಂಗಳಿಗೆ ಅಕ್ಟೋಬರ್ ಮಳೆ ಹಿಡಿದಿಡಬೇಕು. ಎಸಿ ಇರುವವರು ಅದರಿಂದ ತೊಟ್ಟಿಕ್ಕುವ ನೀರು ಹಿಡಿಯಿರಿ. ಅದರಲ್ಲಿ ಸುಣ್ಣದಂಶ ಇಲ್ಲ, ಬೇಸಿಗೆಯಲ್ಲಿ ಬಕೆಟ್ ತುಂಬುತ್ತೆ. ಆರ್‌ಓ ಫಿಲ್ಟರಿನಿಂದ ಹೊರಬರುವ ನೀರು ಈ ಗಿಡಕ್ಕೆ ಖಂಡಿತ ಬೇಡ. ಬೋರ್‌ವೆಲ್ ನೀರಿನ ಉಪ್ಪು ಅದರಲ್ಲಿ ಇನ್ನೂ ಗಟ್ಟಿಯಾಗಿ ಸೇರಿರುತ್ತೆ, ನೆಲ ಒರೆಸಲು ಇಟ್ಟುಕೊಳ್ಳಿ. ಅಪಾರ್ಟ್‌ಮೆಂಟಿನ ಎಸ್‌ಟಿಪಿ ನೀರೂ, ಅಂದರೆ ಕೊಳಚೆ ಶುದ್ಧೀಕರಿಸಿದ ನೀರೂ ಬೇಡ, ಅದೇ ಕಾರಣ.

ಬೇರೆ ದಾರಿಯೇ ಇಲ್ಲದೆ ಬೋರ್‌ವೆಲ್ ನೀರನ್ನೇ ಹಾಕುವುದಾದರೆ, ಜೋರು ಮಳೆ ಬಂದಾಗಲೆಲ್ಲ ಕುಂಡವನ್ನು ಮಳೆಗೆ ಇಟ್ಟು ಕೆಳಗಿನ ತೂತಿನಿಂದ ನೀರು ಹರಿದುಹೋಗುವಷ್ಟು ನೆನೆಯಲು ಬಿಡಿ. ಸೇರಿಕೊಂಡ ಉಪ್ಪು ತೊಳೆದು ಹೋಗುತ್ತೆ. ಕುಂಡದ ಕೆಳಗೆ ತಟ್ಟೆ ಇಟ್ಟಿದ್ದರೆ ಆ ನೀರು ಚೆಲ್ಲಿಬಿಡಿ.

ಕುಂಡ ಬದಲಿಸುವುದು ಈಗ ಬೇಡ, ಮುಂಗಾರು ಮಳೆ ಹಿಡಿಯಲಿ. ಜೂನ್‌ನಲ್ಲಿ ಮೋಡ ಕವಿದ ದಿನ ನೋಡಿ ಮಾಡಿ. 14 ಇಂಚಿನ ಕುಂಡ ಸಾಕು. ಕೆಂಪು ಮಣ್ಣು, ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಎಲೆಗೊಬ್ಬರ ಸಮಸಮ. ಕೋಕೋಪೀಟ್ ಇಟ್ಟಿಗೆ ತಂದರೆ ಎರಡು ಮೂರು ನೀರಿನಲ್ಲಿ ನೆನೆಸಿ ಹಿಂಡಿ, ಅದರಲ್ಲಿ ಉಪ್ಪಿರುತ್ತೆ. ಹೆಸರಘಟ್ಟದ ತೋಟಗಾರಿಕೆ ಸಂಶೋಧನಾ ಸಂಸ್ಥೆ ಐಐಎಚ್‌ಆರ್‌ನವರ ಅರ್ಕಾ ಫರ್ಮೆಂಟೆಡ್ ಕೋಕೋಪೀಟ್ ಸಿಕ್ಕರೆ ಇನ್ನೂ ಒಳ್ಳೆಯದು. ಎಲೆಗೊಬ್ಬರಕ್ಕೆ ದುಡ್ಡು ಕೊಡಬೇಕಿಲ್ಲ, ಫೆಬ್ರವರಿಯಲ್ಲಿ ರಸ್ತೆ ತುಂಬ ಹೊಂಗೆ ಎಲೆ ಉದುರಿ ಬಿದ್ದಿರುತ್ತೆ. ಜೊತೆಗೆ ಒಂದು ಹಿಡಿ ಬೇವಿನ ಹಿಂಡಿ. ಮೇಲೆ ಒಣ ಎಲೆಯೋ ತೆಂಗಿನ ನಾರೋ ಎರಡು ಇಂಚು ಹೊದಿಸಿ. ಇದೊಂದನ್ನು ಮಾಡಿದರೆ ನೀರು ಅರ್ಧ ಉಳಿಯುತ್ತೆ ಅಂತ ನನ್ನ ಅನುಭವ.

ವಿಜಯನಗರ ಮೇಷ್ಟ್ರು

ಪಟಿಕದ ಪ್ರಶ್ನೆಗೆ. ಹೌದು, ನಿಜ. ದೃಷ್ಟಿ ತಾಗದಿರಲಿ ಎಂದು ಬಾಗಿಲಿಗೆ ಕಟ್ಟುವ, ಕ್ಷೌರದ ಅಂಗಡಿಯಲ್ಲಿ ಇಟ್ಟಿರುವ ಅದೇ ಪಟಿಕ. ಅದು ಪೊಟ್ಯಾಸಿಯಂ ಅಲ್ಯೂಮಿನಿಯಂ ಸಲ್ಫೇಟ್, ಗ್ರಂಥಿಗೆ ಅಂಗಡಿಯಲ್ಲಿ ಸಿಗುತ್ತದೆ. ಕುಟ್ಟಿ ಪುಡಿ ಮಾಡಿ, ಒಂದು ಚಹಾ ಚಮಚದಷ್ಟನ್ನು ಐದು ಲೀಟರ್ ಮಳೆ ನೀರಿನಲ್ಲಿ ಪೂರ್ತಿ ಕರಗಿಸಿ. ಮೊದಲು ಸಾದಾ ನೀರಿನಿಂದ ಮಣ್ಣು ನೆನೆಸಿ, ಆಮೇಲೆ ಇದನ್ನು ಹಾಕಿ. ಒಣ ಮಣ್ಣಿಗೆ ಹಾಕಿದರೆ ಬೇರು ಸುಡುತ್ತದೆ. ಎರಡು ಮೂರು ವಾರಕ್ಕೊಮ್ಮೆ ಸಾಕು. ಜಾಸ್ತಿ ಹಾಕಿದರೆ ಜಾಸ್ತಿ ನೀಲಿ ಬರುವುದಿಲ್ಲ, ಅಲ್ಯೂಮಿನಿಯಂ ಹೆಚ್ಚಾದರೆ ಬೇರಿಗೇ ವಿಷ.

ಮುಖ್ಯವಾದದ್ದು ಸಮಯ. ಅರಳಿದ ಹೂವಿನ ಬಣ್ಣ ಬದಲಾಗುವುದಿಲ್ಲ. ಮೊಗ್ಗು ಕಾಣುವುದಕ್ಕೆ ತಿಂಗಳುಗಳ ಮೊದಲೇ ಶುರು ಮಾಡಬೇಕು. ಗಡಸು ನೀರು ಹಾಕುತ್ತಲೇ ಪಟಿಕ ಹಾಕಿದರೆ ಒಂದು ಕೈಯಲ್ಲಿ ಕೊಟ್ಟದ್ದನ್ನು ಇನ್ನೊಂದು ಕೈಯಲ್ಲಿ ಕಿತ್ತುಕೊಂಡಂತೆ. ಆದ್ದರಿಂದ ಅಕ್ಕ ಹೇಳಿದ ನೀರಿನ ವ್ಯವಸ್ಥೆ ಮೊದಲು, ಪಟಿಕ ಆಮೇಲೆ.

ಹಳದಿ ಎಲೆಗೆ ಅನ್ನಭೇದಿ, ಅಂದರೆ ಫೆರಸ್ ಸಲ್ಫೇಟ್, ಲೀಟರಿಗೆ ಒಂದೆರಡು ಗ್ರಾಂ ಕರಗಿಸಿ ಬುಡಕ್ಕೆ ಹಾಕಬಹುದು. ಪಿಎಚ್ ಇಳಿಯದಿದ್ದರೆ ಅದೂ ಕೆಲವೇ ದಿನದಲ್ಲಿ ಬೇರಿಗೆ ಸಿಗದಂತಾಗುತ್ತದೆ. ಕೀಲೇಟೆಡ್ ಕಬ್ಬಿಣ, ಅಂದರೆ ಗಿಡ ಸುಲಭವಾಗಿ ಹೀರುವ ರೂಪದ ಕಬ್ಬಿಣ, ಎಲೆಗೆ ಸಿಂಪಡಿಸಿದರೆ ಬೇಗ ಫಲ ಕಾಣುತ್ತದೆ.

ಮಣ್ಣಿನ ಪಿಎಚ್ ನೋಡಲು ದುಬಾರಿ ಮೀಟರ್ ಬೇಡ. ಯುಪಿಎಸ್ ಬ್ಯಾಟರಿಗೆ ಹಾಕುವ ಡಿಸ್ಟಿಲ್ಡ್ ವಾಟರ್ ತನ್ನಿ. ಒಂದು ಲೋಟ ಮಣ್ಣಿಗೆ ಎರಡು ಲೋಟ ಆ ನೀರು ಬೆರೆಸಿ, ಕಲಕಿ, ಅರ್ಧ ಗಂಟೆ ಬಿಟ್ಟು ತಿಳಿಯಾದ ಮೇಲೆ ಪಿಎಚ್ ಪೇಪರ್ ಅದ್ದಿ. ಅಂದಾಜು ಸಿಗುತ್ತದೆ. ಸರಿಯಾದ ವರದಿ ಬೇಕಾದರೆ ಕೃಷಿ ವಿಶ್ವವಿದ್ಯಾಲಯದ ಜಿಕೆವಿಕೆಯಲ್ಲಿ ಮಣ್ಣು ಪರೀಕ್ಷೆ ಮಾಡಿಕೊಡುತ್ತಾರೆ.

ರಾಜಾಜಿನಗರ ಹಸಿರು

ನಮ್ಮನೆ ಗಿಡ ಸೊಂಪಾಗಿ ಬೆಳೆದಿದೆ, ಎಲೆ ನೋಡಿದ್ರೆ ಕಣ್ಣು ತುಂಬುತ್ತೆ, ಆದ್ರೆ ತಂದ ವರ್ಷ ಬಿಟ್ರೆ ಹೂವೇ ಇಲ್ಲ. ಪ್ರತಿ ವರ್ಷ ದೀಪಾವಳಿ ಆದ್ಮೇಲೆ ಮಾಲಿ ಎಲ್ಲ ಗಿಡದ ಜೊತೆ ಇದನ್ನೂ ಚೊಕ್ಕಟವಾಗಿ ಕತ್ತರಿಸ್ತಾರೆ. ಸಾರಜನಕ, ರಂಜಕ, ಪೊಟ್ಯಾಷ್ ಸಮಸಮ ಇರೋ 19:19:19 ಗೊಬ್ಬರವೂ ಹಾಕ್ತೀವಿ. ಇನ್ನೇನು ಕೊರತೆ?

ಮಡಿಕೇರಿ ಮೂಲ, ಈಗ ಆರ್.ಟಿ. ನಗರ

ಕೊರತೆ ಏನೂ ಇಲ್ಲ, ಕತ್ತರಿಯೇ ಕಾರಣ! ಈ ಜಾತಿ ಹಳೇ ಕಡ್ಡಿಯಲ್ಲಿ ಹೂ ಬಿಡುತ್ತೆ. ಮುಂದಿನ ವರ್ಷದ ಹೂವಿನ ಮೊಗ್ಗು ಈ ವರ್ಷ ಬೆಳೆದ ರೆಂಬೆಯ ತುದಿಯಲ್ಲಿ, ಚಳಿ ಬೀಳುವ ಹೊತ್ತಿಗೆ ಕಟ್ಟುತ್ತೆ. ರಾತ್ರಿ ಸುಮಾರು 18 ಡಿಗ್ರಿಗಿಂತ ತಂಪಾಗಬೇಕು, ಅದೂ ವಾರಗಟ್ಟಲೆ. ನಮ್ಮಲ್ಲಿ ಅಂಥ ರಾತ್ರಿಗಳು ಇರುವುದೇ ನವೆಂಬರಿಂದ ಜನವರಿವರೆಗೆ. ಸರಿಯಾಗಿ ಅದೇ ಸಮಯಕ್ಕೆ ನಿಮ್ಮ ಮಾಲಿ ತುದಿಗಳನ್ನೆಲ್ಲ ಕತ್ತರಿಸ್ತಾ ಇದ್ದಾರೆ. ಗುಲಾಬಿಗೆ, ದಾಸವಾಳಕ್ಕೆ ಸರಿಹೋಗುವ ಕಟಾವು ಇದಕ್ಕೆ ಆಗಲ್ಲ.

ಹೂ ಬಾಡಿದ ಕೂಡಲೇ, ಜುಲೈ ಒಳಗೆ, ಗೊಂಚಲಿನ ಕೆಳಗೆ ಇರುವ ದಪ್ಪ ಜೋಡಿ ಮೊಗ್ಗಿನ ಮೇಲೆ ಕತ್ತರಿಸಿ. ಆಗಸ್ಟ್ ಆದಮೇಲೆ ಕತ್ತರಿ ಮುಟ್ಟಿಸಬೇಡಿ. ಒಣಗಿದ, ಸಣಕಲು ಕಡ್ಡಿಗಳನ್ನು ಮಾತ್ರ ಬುಡದಿಂದ ತೆಗೆಯಬಹುದು. ಗಿಡ ಬಹಳ ಹಳೆಯದಾದರೆ ವರ್ಷಕ್ಕೆ ಒಂದೆರಡು ಮುದಿ ಕಡ್ಡಿ ಬುಡದಿಂದ ತೆಗೀರಿ, ಹೊಸದು ಬರುತ್ತೆ.

ಚಳಿಗಾಲದಲ್ಲಿ ಕುಂಡವನ್ನು ರಾತ್ರಿ ತೆರೆದ ಆಕಾಶದ ಕೆಳಗೆ ಇಡಿ. ಮನೆಯೊಳಗೆ, ಬೀದಿ ದೀಪದ ಕೆಳಗೆ ಬೇಡ. ಅಷ್ಟು ಚಳಿ ಸಿಕ್ಕರೂ ಬೆಂಗಳೂರಿನಲ್ಲಿ ಮಡಿಕೇರಿಯಷ್ಟು ಹೂ ನಿರೀಕ್ಷಿಸಬೇಡಿ. ಒಂದು ಗಿಡಕ್ಕೆ ನಾಲ್ಕೈದು ಗೊಂಚಲು ಬಂದರೆ ಇಲ್ಲಿ ಅದು ಸಂಭ್ರಮವೇ. ನರ್ಸರಿಗಳಲ್ಲಿ ತುಂಬಿ ತುಳುಕುವ ಗಿಡಗಳು ತಂಪು ಜಾಗದಲ್ಲಿ ಬೆಳೆದು ಬಂದವು, ಇಲ್ಲಿ ಎರಡನೇ ವರ್ಷ ಅಷ್ಟು ಬಿಡಲ್ಲ. ಅದನ್ನು ಮಾರುವವರು ಹೇಳಬೇಕು, ಹೇಳಲ್ಲ. ಹೊರದೇಶದಲ್ಲಿ ಹೊಸ ಕಡ್ಡಿಯಲ್ಲೂ ಹೂ ಬಿಡುವ ತಳಿಗಳು ಬಂದಿವೆ, 2004ರಲ್ಲಿ ಬಂದ ಎಂಡ್‌ಲೆಸ್ ಸಮ್ಮರ್ ಅಂಥದ್ದು. ಅಂಥವು ನಿಮಗೆ ಸಿಕ್ಕರೆ ಕತ್ತರಿಯ ಭಯ ಇಲ್ಲ.

ಗೊಬ್ಬರದಲ್ಲಿ ಸಾರಜನಕ ಜಾಸ್ತಿಯಾದರೂ ಬರೀ ಎಲೆ. ಆಗಸ್ಟ್ ನಂತರ 19:19:19 ನಿಲ್ಲಿಸಿ, ತಿಂಗಳಿಗೊಮ್ಮೆ 13:0:45 ಲೀಟರಿಗೆ ಒಂದು ಗ್ರಾಂ ಕೊಡಿ. ಅದರಲ್ಲಿ ರಂಜಕ ಇಲ್ಲ, ಮೇಷ್ಟ್ರು ಹೇಳಿದ ನೀಲಿಗೂ ಅಡ್ಡಿಯಿಲ್ಲ.

ಜಯನಗರ ಮಹಡಿ ತೋಟ

ಅತ್ತೆಗೆ ಈ ಚರ್ಚೆ ಓದಿ ಹೇಳಿದೆ, ಮೊಳೆ ತೆಗೆಸಿದರು 🙂 ನಮ್ಮದು ಮೂರನೇ ಮಹಡಿ ತಾರಸಿ, ನೆರಳೇ ಇಲ್ಲ. ಅಲ್ಲಿ ಆಗುತ್ತಾ? ಎಲೆ ಮೇಲೆ ಸಣ್ಣ ಸಣ್ಣ ಬಿಳಿ ಚುಕ್ಕೆ, ಅಡಿಯಲ್ಲಿ ತೆಳು ಬಲೆ ಇದೆ.

ಬನಶಂಕರಿ ಕೈತೋಟ

ಬಲೆ ಇದ್ದರೆ ಅದು ಕೆಂಪು ಜೇಡನುಸಿ. ಒಣ ಬಿಸಿ ತಾರಸಿಯ ಖಾಯಂ ಅತಿಥಿ. ಬೆಳಗ್ಗೆ ಎಲೆಯ ಅಡಿಭಾಗಕ್ಕೆ ರಭಸವಾಗಿ ನೀರು ಹೊಡೆಯಿರಿ, ಮೂರು ದಿನಕ್ಕೊಮ್ಮೆ. ಅದಕ್ಕೂ ಬಗ್ಗದಿದ್ದರೆ ಲೀಟರಿಗೆ 5 ಮಿಲಿ ಬೇವಿನೆಣ್ಣೆ, ಸ್ವಲ್ಪ ಸೋಪಿನ ನೀರು ಬೆರೆಸಿ ಸಂಜೆ ಸಿಂಪಡಿಸಿ. ಬಿಸಿಲಲ್ಲಿ ಎಣ್ಣೆ ಸಿಂಪಡಿಸಿದರೆ ಎಲೆ ಸುಡುತ್ತೆ. ಹತ್ತಿಯಂಥ ಬಿಳಿ ಹಿಟ್ಟು ತಿಗಣೆಗೂ ಇದೇ ಮದ್ದು. ಮಳೆಗಾಲದಲ್ಲಿ ಎಲೆ ಚುಕ್ಕೆ, ಬೂದಿ ರೋಗ ಬರುತ್ತೆ, ಆಗ ನೀರು ಬುಡಕ್ಕೆ ಮಾತ್ರ ಹಾಕಿ, ಎಲೆಗೆ ಬೇಡ, ರೋಗದ ಎಲೆ ಕಿತ್ತು ಹೊರಗೆ ಹಾಕಿ. ಆಫ್ರಿಕನ್ ಬಸವನಹುಳು ಇರುವ ಬಡಾವಣೆಯಾದರೆ ರಾತ್ರಿ ಟಾರ್ಚ್ ಹಿಡಿದು ಹೆಕ್ಕಲೇಬೇಕು, ಕೈಗೆ ಕವರ್ ಹಾಕಿಕೊಂಡು.

ತೆರೆದ ತಾರಸಿ ಈ ಗಿಡದ ಜಾಗ ಅಲ್ಲ. ಕಾಂಕ್ರೀಟ್ ಹಗಲೆಲ್ಲ ಕಾದು ರಾತ್ರಿಯೂ ಬಿಸಿ ಬಿಡುತ್ತೆ, ಬೇರು ಬೇಯುತ್ತೆ. ಅಲ್ಲೇ ಇಡಬೇಕೆಂದರೆ ನೀರಿನ ಟ್ಯಾಂಕಿನ ಪೂರ್ವ ಬದಿಯಲ್ಲಿ, ಮೇಲೆ ಶೇಡ್ ನೆಟ್ ಕಟ್ಟಿ, ಕುಂಡವನ್ನು ಇಟ್ಟಿಗೆ ಅಥವಾ ಹಲಗೆ ಮೇಲೆ ಎತ್ತಿ ಇಡಿ. ನೆಲದ ಮನೆ ಇದ್ದು ಮರದಡಿ ಜಾಗ ಇರುವವರು ನೇರ ಮಣ್ಣಿಗೇ ನೆಡಿ, ಗೋಡೆಯಿಂದ ಮೂರಡಿ ಬಿಟ್ಟು. ನೆಲದಲ್ಲಿರುವ ಗಿಡ ಕುಂಡದ್ದಕ್ಕಿಂತ ಬೇಸಿಗೆಯನ್ನು ಎಷ್ಟೋ ಚೆನ್ನಾಗಿ ದಾಟುತ್ತೆ.

ಹೆಬ್ಬಾಳ ಪ್ರಾಣಿಪ್ರಿಯೆ

ಯಾರೂ ಹೇಳಲಿಲ್ಲ, ಅದಕ್ಕೆ ಬರೀತಿದ್ದೀನಿ. ಹೈಡ್ರೇಂಜಿಯದ ಎಲೆ, ಮೊಗ್ಗು ನಾಯಿ, ಬೆಕ್ಕು, ಹಸುಗಳಿಗೆ ವಿಷ. ತಿಂದರೆ ವಾಂತಿ, ಭೇದಿ, ಸುಸ್ತು. ಕತ್ತರಿಸಿದ ರೆಂಬೆಗಳನ್ನು ಗೇಟಿನ ಹೊರಗೆ ಹಾಕಬೇಡಿ, ಬೀದಿ ಹಸುಗಳು ಬಾಯಿ ಹಾಕುತ್ತವೆ. ತರಕಾರಿ ಸಿಪ್ಪೆ ಜೊತೆ ಹಸುವಿಗೆ ಕೊಡುವ ಬುಟ್ಟಿಗೂ ಬೀಳದಂತೆ ನೋಡಿಕೊಳ್ಳಿ. ಮನೆಯಲ್ಲಿ ನಾಯಿಮರಿ, ತೆವಳುವ ಮಗು ಇದ್ದರೆ ಎತ್ತರದಲ್ಲಿಡಿ.

ಕೆ.ಆರ್. ಪುರಂ ಓದುಗ

ಉಪಯುಕ್ತ ಮಾಹಿತಿ. ಬನಶಂಕರಿ ಮೇಡಂ, ನಿಮ್ಮ ಡ್ರಮ್ ಲೆಕ್ಕ ನಮ್ಮ ಅಪಾರ್ಟ್‌ಮೆಂಟ್ ಸಂಘದ ಗುಂಪಿಗೆ ಕಳಿಸಿದೆ. ಹೈಡ್ರೇಂಜಿಯ ನಾನು ಬೆಳೆಸಲ್ಲ, ಆ ಮಾತಿಗೆ ಈಗಲೂ ಬದ್ಧ. ಆದರೆ ಪೈಪಿನ ತುದಿಗೆ ಡ್ರಮ್ ಇಡಬೇಕು ಅನ್ನೋದು ಎಲ್ಲರೂ ಒಪ್ಪಿದ್ದಾರೆ.

ಉತ್ತರಹಳ್ಳಿ ಬಾಲ್ಕನಿ

ಅಪ್‌ಡೇಟ್ ಹಾಕಲು ಬಂದೆ. ಜೂನ್‌ನಲ್ಲಿ ಪ್ಲಾಸ್ಟಿಕ್ ಕುಂಡಕ್ಕೆ ಬದಲಿಸಿದೆ. ಬೇರು ಬಿಳಿಯಾಗಿತ್ತು. ನಾಲ್ಕನೇ ಮಹಡಿಯಾದ್ದರಿಂದ ಡ್ರಮ್‌ಗೆ ಜಾಗವಿಲ್ಲ, ಬಾಲ್ಕನಿ ಅಂಚಿನಲ್ಲಿ ಎರಡು ಬಕೆಟ್ ಇಟ್ಟು ಮಳೆ ನೀರು ಹಿಡಿಯುತ್ತಿದ್ದೇನೆ, ಎದುರು ಮನೆಯವರು ಎಸಿ ನೀರನ್ನೂ ಕೊಡುತ್ತಿದ್ದಾರೆ. ಪಿಎಚ್ ಪೇಪರ್‌ನಲ್ಲಿ ಹಳೇ ಮಣ್ಣು 7.5 ತೋರಿಸಿತು, ಹೊಸ ಮಿಶ್ರಣ 6ರ ಹತ್ತಿರ. ಹೊಸದಾಗಿ ಬಂದ ಎಲೆಗಳೆಲ್ಲ ಹಸಿರು! ಪಟಿಕ ಈ ವಾರದಿಂದ ಶುರು ಮಾಡುತ್ತೇನೆ. ಗುಲಾಬಿ ಗೊಂಚಲು ಬಾಡಿದೆ, ಅದನ್ನು ಕತ್ತರಿಸುವಾಗ ಕಡ್ಡಿ ನೆಟ್ಟು ಇನ್ನೊಂದು ಗಿಡ ಮಾಡಬಹುದಾ? ತಂಗಿ ಕೇಳುತ್ತಿದ್ದಾಳೆ.

ಬನಶಂಕರಿ ಕೈತೋಟ

ತುಂಬಾ ಸಂತೋಷ ಆಯ್ತು. ಕಡ್ಡಿ ನೆಡಲು ಇದೇ ಸರಿಯಾದ ತಿಂಗಳು. ಆದರೆ ಹೂ ಬಿಟ್ಟ ಕಡ್ಡಿ ಬೇಡ, ಹೂ ಬಿಡದ ರೆಂಬೆ ಆರಿಸಿ. ತೀರಾ ಎಳೆಯದೂ ಅಲ್ಲದ, ಕಟ್ಟಿಗೆಯೂ ಆಗದ ಕಡ್ಡಿ ಬೆಳಗ್ಗೆ ಹೊತ್ತು ಕತ್ತರಿಸಿ, ಒಂದು ಗೇಣಿಗಿಂತ ಸ್ವಲ್ಪ ಚಿಕ್ಕದು, ಎರಡು ಮೂರು ಗೆಣ್ಣು ಇರಲಿ. ಕೆಳಗಿನ ಗೆಣ್ಣಿನ ಸರಿಯಾಗಿ ಕೆಳಗೆ ಕತ್ತರಿಸಿ, ಆ ಎಲೆ ತೆಗೆದುಬಿಡಿ. ಮೇಲಿನ ಎರಡು ಎಲೆಗಳನ್ನು ಅರ್ಧಕ್ಕೆ ಕತ್ತರಿಸಿ, ಆಗ ನೀರು ಆವಿಯಾಗುವುದು ಕಡಿಮೆ. ತೊಳೆದ ಕೋಕೋಪೀಟ್, ಮರಳು ಸಮಸಮ ಹಾಕಿ ನೆಟ್ಟು, ನೀರಿನ ಬಾಟಲಿಯ ಬುಡ ಕತ್ತರಿಸಿ ಮೇಲೆ ಮುಚ್ಚಿ. ನೇರ ಬಿಸಿಲು ತಾಗದ ಬೆಳಕಿನ ಜಾಗದಲ್ಲಿಡಿ. ದಿನಕ್ಕೊಮ್ಮೆ ಬಾಟಲಿ ಮುಚ್ಚಳ ತೆಗೆದು ಗಾಳಿ ಆಡಲು ಬಿಡಿ, ಇಲ್ಲದಿದ್ದರೆ ಬೂಷ್ಟು ಬರುತ್ತೆ. ಮೂರು ನಾಲ್ಕು ವಾರದಲ್ಲಿ ಮೆಲ್ಲಗೆ ಎಳೆದು ನೋಡಿ, ಹಿಡಿದುಕೊಂಡಿದ್ದರೆ ಬೇರು ಬಂದಿದೆ.

ಒಂದೇ ಕಡ್ಡಿ ನೆಡಬೇಡಿ, ಐದಾರು ನೆಡಿ, ಎಲ್ಲವೂ ಹಿಡಿಯುವುದಿಲ್ಲ. ಬುಡದ ಹತ್ತಿರ ಬಗ್ಗುವ ರೆಂಬೆ ಇದ್ದರೆ ಅದನ್ನು ಪಕ್ಕದ ಕುಂಡದ ಮಣ್ಣಿಗೆ ಬಗ್ಗಿಸಿ, ಗೆಣ್ಣಿನ ಅಡಿ ಸಿಪ್ಪೆ ಸ್ವಲ್ಪ ಕೆರೆದು, ಮೇಲೆ ಕಲ್ಲಿಟ್ಟರೂ ಬೇರು ಬಿಡುತ್ತೆ. ತಾಯಿ ಗಿಡದ ಆಸರೆ ಇರುವುದರಿಂದ ಇದು ಇನ್ನೂ ಖಚಿತ. ತಂಗಿಗೆ ಗಿಡ ಕೊಡುವಾಗ ಅವರ ಮನೆ ನೀರು ಯಾವುದು ಅಂತ ಮೊದಲು ಕೇಳಿ.